ಬೆಳಕಿಗೂ ಸದ್ದಿಗೂ ನಡುವೆ

ಎರಡು ಚಂದ್ರರೂ ಮುಳುಗಿದ ಮೇಲೆ
ಮಡಕೆಗಳನ್ನು ಹೊರಗೆ ತಂದು
ಮರಳಲ್ಲಿ ಮಲಗಿಸುತ್ತೇವೆ, ಬಾಯಿ ಕಡಲಿನ ಕಡೆಗೆ.
ಹಸಿಯದು ಬೇಡ, ಹಳೆಯದೂ ಬೇಡ,
ಈ ವರ್ಷ ಸುಟ್ಟದ್ದು ಮಾತ್ರ.
ಮಕ್ಕಳ ಕಿವಿಗೆ ಮೇಣ,
ಆರು ಕಾಲಿನ ದೋಮೆಗಳಿಗೆ ಕಣ್ಣುಪಟ್ಟಿ.
ಓಸುರಂಡಿಯ ದಡದಲ್ಲಿ ಆ ರಾತ್ರಿ
ಯಾರೂ ಒಲೆ ಹಚ್ಚುವುದಿಲ್ಲ.

ನಾನು ಎಣಿಸುವವಳು.

ಮೊದಲು ಬೆಳಕು.
ದೋಮೆಯ ಹಾಲು ಉಕ್ಕುವ ಮುಂಚೆ
ಪಾತ್ರೆಯ ಅಂಚಿಗೆ ಬರುತ್ತದಲ್ಲ ಒಂದು ನಡುಕ,
ಹಾಗೆ, ದೂರ, ನೀರು ಮುಗಿಯುವಲ್ಲಿ.
ಆಮೇಲೆ ಹಸಿರು.
ಹಸಿರಿನೊಳಗಿಂದ ಇನ್ನೊಂದು, ಹೆಸರಿಲ್ಲದ್ದು:
ಮುಚ್ಚಿದ ಕಣ್ಣನ್ನು ಬೆರಳಿಂದ ಒತ್ತಿದರೆ
ಕಾಣುವ ಬಣ್ಣ.
ಅದು ಕಂಡೊಡನೆ ನಾನು
ಒಂದು ಅನ್ನಬೇಕು.

ಒಂದು ಉಸಿರಿಗೆ ಒಂದು.
ಹನ್ನೊಂದಕ್ಕೆ ಅಲೆ ನಿಲ್ಲುತ್ತದೆ,
ನಿಂತ ನೀರು ನೆಲದ ಹಾಗೆ ಕಾಣುತ್ತದೆ.
ಇಪ್ಪತ್ತಕ್ಕೆ ಮೀನುಗಳೆಲ್ಲ
ಬೆಳಕಿಗೆ ಬೆನ್ನು ಮಾಡಿ
ದಡಕ್ಕೆ ಮೂಗು ತಾಗಿಸಿ ಕಾಯುತ್ತವೆ.
ಕೈ ಹಾಕಿದರೆ ಸಿಗುತ್ತವೆ.
ಯಾರೂ ಕೈ ಹಾಕುವುದಿಲ್ಲ.

ಸದ್ದು ಕಿವಿಗೆ ಬರುವುದಲ್ಲ.
ಮೊದಲು ಅಂಗಾಲಿಗೆ, ಆಮೇಲೆ ಮೊಣಕಾಲಿಗೆ,
ಹಲ್ಲಿನ ಬೇರಿಗೆ.
ಕೊನೆಗೆ ಮಡಕೆಗಳು ಒಂದೊಂದಾಗಿ
ದನಿ ಎತ್ತುತ್ತವೆ: ದಪ್ಪ ಹೊಟ್ಟೆಯವು ಮೊದಲು,
ಕಿರಿಕುತ್ತಿಗೆಯವು ತಡೆದು, ನಾಚಿಕೊಂಡಂತೆ.
ಒಳಬಿರುಕು ಇದ್ದದ್ದು ಸಿಡಿಯುತ್ತದೆ.
ಉಳಿದದ್ದನ್ನು, ಕಡಲು ಒಪ್ಪಿದ್ದು ಎಂದು,
ಎರಡರಷ್ಟು ಬೆಲೆಗೆ ಮಾರುತ್ತೇವೆ.
ಸುಳ್ಳೇನಲ್ಲ.

ಅಜ್ಜಿ ಇಲ್ವೇರು ಎಣಿಸಿದ್ದು ತೊಂಬತ್ತಾರು.
ಅಮ್ಮ ತೊಹಾನೆಯ ಕಾಲಕ್ಕೆ ಅರವತ್ತು.
ಅಮ್ಮನಿಗೆ ಉಬ್ಬಸ, ಉಸಿರು ಗಿಡ್ಡ,
ಅವಳ ಲೆಕ್ಕ ಹಿಡಿಯಬೇಡಿ ಎಂದರು ಊರವರು.
ಗಿಡ್ಡ ಉಸಿರಲ್ಲಿ ಎಣಿಸಿದರೆ
ಲೆಕ್ಕ ಏರಬೇಕು, ಇಳಿಯಬಾರದು.
ಇಷ್ಟು ಎಲ್ಲರಿಗೂ ಗೊತ್ತಿತ್ತು,
ಯಾರೂ ಬಾಯಿ ಬಿಡಲಿಲ್ಲ.

ಗುಡ್ಡದ ವೀಕ್ಷಣಾಲಯದಿಂದ ಒಮ್ಮೆ
ಮುರಿಶ ಎಂಬವನು ಇಳಿದು ಬಂದ,
ತಾಮ್ರದ ಬಟ್ಟಲು, ಸೂಜಿ, ಕಾಗದದ ಸುರುಳಿ.
ಕಡಲಡಿಯ ಬಿರುಕಿರಬಹುದು, ಎಂದ,
ಜೀವವೂ ಇರಬಹುದು.
ಬೆಳಕಿಗೆ ಕಾಲು ಚುರುಕು, ಸದ್ದು ಕುಂಟುತ್ತದೆ,
ನಡುವೆ ಎಷ್ಟು ಉಸಿರೋ ಅಷ್ಟು ದೂರ.
ಹಾಗಾದರೆ ಎಣಿಕೆ ಇಳಿಯುತ್ತಿದೆಯಲ್ಲ, ಅಂದೆ.
ಅವನು ಸುರುಳಿ ಸುತ್ತತೊಡಗಿದ.
ಬಹಳ ಹೊತ್ತು ಸುತ್ತಿದ.

ಹೋದ ವರ್ಷ ನಲವತ್ತು.
ಈ ವರ್ಷ, ಮೂವತ್ತೊಂದಕ್ಕೆ,
ನನ್ನ ಅಂಗಾಲು ಜುಮ್ಮೆಂದಿತು.
ಹಿರಿಯರು ಸಾಲಾಗಿ ಕೂತು ಕೇಳಿದರು: ಎಷ್ಟು?
ನಲವತ್ತು, ಅಂದೆ.
ಎಲ್ಲರೂ ಒಟ್ಟಿಗೆ ಉಸಿರು ಬಿಟ್ಟರು,
ಅದನ್ನೂ ಎಣಿಸಿದೆ, ಅಭ್ಯಾಸ.

ಅಮ್ಮ ಸಾಯುವಾಗ ನನ್ನನ್ನು ಹತ್ತಿರ ಕರೆದು
ಕಿವಿಯಲ್ಲಿ ಹೇಳಿದ್ದು ಹೆಸರಲ್ಲ, ಹರಕೆಯಲ್ಲ.
ಐವತ್ತೆರಡು, ಎಂದಳು.
ಊರಿಗೆ ಹೇಳಿದ್ದು ಅರವತ್ತು.
ಅವತ್ತಿನಿಂದ ಅಜ್ಜಿಯ ತೊಂಬತ್ತಾರನ್ನೂ
ನಾನು ರಾತ್ರಿ ಹೊರಳಿಸಿ ಹೊರಳಿಸಿ ನೋಡುತ್ತೇನೆ,
ಎಲ್ಲಿ ಬಿರುಕಿದೆ ಎಂದು.

ಬೆಳಗಾಗುವ ಮುಂಚೆ ನನ್ನ ಕೆಯ್ಲು,
ಆರು ವರ್ಷ, ಒಂದು ಕಿವಿಯ ಮೇಣ
ಯಾವಾಗಲೋ ಕಿತ್ತು ಎಸೆದಿದ್ದಾಳೆ,
ಅಂಗೈ ಬಿಚ್ಚಿ ಚಿಪ್ಪು ತೋರಿಸಿದಳು.
ಒಂದೊಂದು ಉಸಿರಿಗೆ ಒಂದೊಂದು ಎತ್ತಿಟ್ಟಿದ್ದಳಂತೆ.
ನಾನು ಎಣಿಸಲಿಲ್ಲ. ಅವಳೇ ಎಣಿಸಿದಳು,
ಒಂಬತ್ತು ಕಮ್ಮಿ ಇದೆಯಲ್ಲಮ್ಮಾ.

ಚಿಪ್ಪು ಬಿದ್ದು ಹೋಗಿರಬಹುದು, ಅಂದೆ.
ನನ್ನನ್ನೇ ನೋಡಿದಳು.
ನೀನು ಒಂದು ಅನ್ನೋದರೊಳಗೇ
ಸದ್ದು ಬಂದುಬಿಟ್ಟರೆ?
ನಾನು ಸುಮ್ಮನಿದ್ದೆ.
ಆಗ ನಿನಗೆ ಕೆಲಸವೇ ಇಲ್ಲ, ಎಂದು ನಕ್ಕು
ನೀರಿನ ಕಡೆಗೆ ಓಡಿದಳು.

ನಾನು ಪೊರಕೆ ಹಿಡಿದೆ.
ಈ ಸಲ ಒಡೆದದ್ದು ಹದಿನಾರು ಮಡಕೆ.
ಗುಡಿಸುತ್ತಾ ದೊಡ್ಡ ಚೂರೊಂದನ್ನು ಎತ್ತಿದರೆ
ಬೆರಳಿಗೆ ತಾಗಿತು, ಅದರೊಳಗೆ
ಇನ್ನೂ ಸ್ವಲ್ಪ ಗುಂಯ್ ಉಳಿದಿತ್ತು.